ಪುಸ್ತಕದೊಳಗಿನ ಭೂಮಿ

ಕಳೆದ ವರ್ಷ ಪ್ರಥಮ ವರ್ಷದ ತರಗತಿಯಲ್ಲಿ ಗುರುತ್ವಾಕರ್ಷಣೆಯ ಪಾಠವನ್ನು ಆರಂಭಿಸುವ ಮುನ್ನ ವಿದ್ಯಾರ್ಥಿಗಳನ್ನು ಒಂದು ಸರಳವಾದ ಪ್ರಶ್ನೆ ಕೇಳಿದೆ: "ಭೂಮಿಯ ಪರಿಧಿ ಎಷ್ಟು?" ಐದಾರು ಮಂದಿ ಒಟ್ಟಿಗೆ "ಸುಮಾರು 40,000 ಕಿಲೋಮೀಟರು" ಎಂದರು. ಉತ್ತರ ಸರಿಯಾಗಿತ್ತು. "ಅದು ನಿನಗೆ ಹೇಗೆ ತಿಳಿಯಿತು?" ಎಂದು ಮುಂದಿನ ಬೆಂಚಿನ ಹುಡುಗನನ್ನು ಕೇಳಿದೆ. "ಪುಸ್ತಕದಲ್ಲಿದೆ, ಸಾರ್" ಎಂದ. "ಪುಸ್ತಕಕ್ಕೆ ಹೇಗೆ ತಿಳಿಯಿತಪ್ಪಾ?" ಎಂದೆ. ತರಗತಿಯೆಲ್ಲ ನಕ್ಕಿತು. ನಗು ಅಡಗಿದ ಮೇಲೆ ಹಿಂದಿನ ಸಾಲಿನಲ್ಲಿ ಒಬ್ಬ ವಿದ್ಯಾರ್ಥಿನಿ ಎದ್ದು ನಿಂತು, "ತಮಗೆ ಹೇಗೆ ತಿಳಿಯಿತು, ಸಾರ್?" ಎಂದು ಕೇಳಿದಳು.

ಆ ಪ್ರಶ್ನೆಯಲ್ಲಿ ಕುಚೋದ್ಯವೇನೂ ಇರಲಿಲ್ಲ. ನಾನು ಸ್ವಲ್ಪ ಹೊತ್ತು ಸುಮ್ಮನಿದ್ದು, "ನನಗೂ ಪುಸ್ತಕದಿಂದಲೇ ತಿಳಿದದ್ದು" ಎಂದು ಒಪ್ಪಿಕೊಳ್ಳಬೇಕಾಯಿತು. ಎಂಟು ವರ್ಷಗಳಿಂದ ಆ ಸಂಖ್ಯೆಯನ್ನು ಕಪ್ಪುಹಲಗೆಯ ಮೇಲೆ ಬರೆಯುತ್ತ ಬಂದಿದ್ದೆ. ಒಂದು ಸಲವಾದರೂ ಅದನ್ನು ಸ್ವತಃ ಪರೀಕ್ಷಿಸಿ ನೋಡಿರಲಿಲ್ಲ. ಆ ದಿನ ಕೊಡಲಾಗದ ಉತ್ತರವನ್ನು ಈ ಲೇಖನದಲ್ಲಿ ಕೊಡಲು ಯತ್ನಿಸುತ್ತೇನೆ.

ನಮ್ಮಲ್ಲಿ ಬಹುಮಂದಿಗೆ ಭೂಮಿಯ ಪರಿಚಯವಾಗುವುದು ಪುಸ್ತಕದ ಮೂಲಕವೇ. ಸಹಾರಾ ಮರುಭೂಮಿಯನ್ನು ದಾಟಿದವರು, ಅಮೆಜಾನ್ ನದಿಯನ್ನು ಕಂಡವರು, ಅಂಟಾರ್ಕ್ಟಿಕದ ಹಿಮದ ಮೇಲೆ ನಡೆದವರು ನಮ್ಮಲ್ಲಿ ಎಷ್ಟು ಮಂದಿ? ಆದರೂ ಅವೆಲ್ಲ ಇವೆಯೆಂದು ನಾವು ನಂಬುತ್ತೇವೆ; ನಂಬುವುದು ತಪ್ಪೂ ಅಲ್ಲ. ಆದರೆ ಪುಸ್ತಕದಿಂದ ಕಲಿಯುವುದರಲ್ಲಿ ಎರಡು ಬಗೆಯುಂಟು. ಬರೆದದ್ದನ್ನು ಬಾಯಿಪಾಠ ಮಾಡಿ ಒಪ್ಪಿಸುವುದು ಒಂದು ಬಗೆ. ಬರೆದವನು ಅದನ್ನು ಹೇಗೆ ಕಂಡುಕೊಂಡನೆಂದು ವಿಚಾರಿಸಿ, ಸಾಧ್ಯವಾದಷ್ಟನ್ನು ತಾನೂ ಅಳೆದು ನೋಡುವುದು ಮತ್ತೊಂದು ಬಗೆ. ಮೊದಲನೆಯದರಲ್ಲಿ ಜ್ಞಾನವು ಪುಸ್ತಕದಲ್ಲಿಯೇ ಉಳಿಯುತ್ತದೆ. ಎರಡನೆಯದರಲ್ಲಿ ಅದು ನಮ್ಮದಾಗುತ್ತದೆ.

ಗ್ರಂಥಾಲಯದಲ್ಲಿ ಕುಳಿತು ಭೂಮಿಯನ್ನು ಅಳೆದವನು

ಭೂಮಿಯ ಪರಿಧಿಯನ್ನು ಕ್ರಮಬದ್ಧವಾಗಿ ಲೆಕ್ಕಹಾಕಿದವರಲ್ಲಿ ಸುಪ್ರಸಿದ್ಧನಾದವನು ಒಬ್ಬ ಗ್ರಂಥಪಾಲಕ. ಕ್ರಿಸ್ತಪೂರ್ವ ಮೂರನೆಯ ಶತಮಾನದಲ್ಲಿದ್ದ ಎರಟೊಸ್ತನೀಸ್ ಎಂಬ ಗ್ರೀಕ್ ವಿದ್ವಾಂಸನು ಈಜಿಪ್ಟಿನ ಅಲೆಕ್ಸಾಂಡ್ರಿಯ ನಗರದ ಮಹಾಗ್ರಂಥಾಲಯದ ಮುಖ್ಯಸ್ಥನಾಗಿದ್ದನು. ದಕ್ಷಿಣದಲ್ಲಿರುವ ಸಯೀನ್ ಎಂಬ ಊರಿನಲ್ಲಿ, ವರ್ಷದ ಅತಿ ದೀರ್ಘವಾದ ಹಗಲಿನ ದಿನ, ನಡುಮಧ್ಯಾಹ್ನದಲ್ಲಿ ಸೂರ್ಯನ ಬಿಸಿಲು ಆಳವಾದ ಬಾವಿಯ ತಳವನ್ನು ಮುಟ್ಟುತ್ತದೆಂಬ ಸಂಗತಿ ಅವನಿಗೆ ತಿಳಿದಿತ್ತು. ಸಯೀನ್ ಎಂದರೆ ಇಂದಿನ ಆಸ್ವಾನ್. ಆ ಹೊತ್ತಿಗೆ ಅಲ್ಲಿ ಸೂರ್ಯನು ನೆತ್ತಿಯ ಮೇಲಿರುತ್ತಾನೆ. ನೆಟ್ಟಗೆ ನಿಂತ ಕಂಬಕ್ಕೆ ನೆರಳಿರುವುದಿಲ್ಲ.

ಈ ಸಂಗತಿಯನ್ನು ಕೇಳಿ ಆಶ್ಚರ್ಯಪಟ್ಟವರು ಬಹಳ ಮಂದಿ ಇದ್ದಿರಬೇಕು. ಎರಟೊಸ್ತನೀಸನು ಆಶ್ಚರ್ಯದೊಡನೆ ನಿಲ್ಲಲಿಲ್ಲ. ಅದೇ ದಿನ ಅದೇ ಹೊತ್ತಿನಲ್ಲಿ ತನ್ನ ಊರಿನಲ್ಲಿ ಏನಾಗುತ್ತದೆಂದು ನೋಡಿದನು. ಅಲೆಕ್ಸಾಂಡ್ರಿಯದಲ್ಲಿ ನೆರಳು ಬೀಳುತ್ತಿತ್ತು. ನೆರಳಿನ ಕೋನವು ಪೂರ್ಣವೃತ್ತದ 50ರಲ್ಲಿ ಒಂದು ಭಾಗ, ಅಂದರೆ ಸುಮಾರು 7.2 ಡಿಗ್ರಿ ಇತ್ತು.

ಸೂರ್ಯನು ಬಹುದೂರದಲ್ಲಿರುವುದರಿಂದ ಅವನ ಕಿರಣಗಳು ಎರಡು ಊರುಗಳಿಗೂ ಸಮಾಂತರವಾಗಿ ಬರುತ್ತವೆಂದು ಭಾವಿಸಬಹುದು. ಹಾಗಿದ್ದರೂ ಒಂದೂರಿನಲ್ಲಿ ನೆರಳಿಲ್ಲದೆ ಮತ್ತೊಂದೂರಿನಲ್ಲಿ ನೆರಳು ಬಿದ್ದರೆ, ಓರೆಯಾಗಿರುವುದು ಕಿರಣಗಳಲ್ಲ, ನೆಲ. ಎರಡು ಊರುಗಳ ಕಂಬಗಳನ್ನು ಭೂಮಿಯ ಕೇಂದ್ರದವರೆಗೆ ಮನಸ್ಸಿನಲ್ಲಿ ಎಳೆದುಕೊಳ್ಳಿರಿ. ಅವುಗಳ ನಡುವಣ ಕೋನವು ನೆರಳಿನ ಕೋನಕ್ಕೆ ಸಮನಾಗಿರಬೇಕು. ಸಮಾಂತರ ರೇಖೆಗಳ ಪರ್ಯಾಯ ಕೋನಗಳು ಸಮವೆಂಬುದನ್ನು ನೀವು ಪ್ರೌಢಶಾಲೆಯಲ್ಲಿಯೇ ಕಲಿತಿದ್ದೀರಿ. ಆದುದರಿಂದ ಎರಡು ಊರುಗಳ ದೂರವು ಭೂಪರಿಧಿಯ 50ರಲ್ಲಿ ಒಂದು ಭಾಗ. ಆ ದೂರವನ್ನು 5,000 ಸ್ಟೇಡಿಯಗಳೆಂದು ಎಣಿಸಿದ್ದರು. ಅದನ್ನು 50ರಿಂದ ಗುಣಿಸಿ ಎರಟೊಸ್ತನೀಸನು ಭೂಪರಿಧಿ 2,50,000 ಸ್ಟೇಡಿಯ ಎಂದು ಹೇಳಿದನು.

ಈ ಲೆಕ್ಕದಲ್ಲಿ ಕೊರತೆಗಳಿಲ್ಲದೆ ಇಲ್ಲ. ಇಂದಿನ ಭೂಪಟವನ್ನು ತೆರೆದರೆ ಆಸ್ವಾನ್ ಅಲೆಕ್ಸಾಂಡ್ರಿಯಕ್ಕೆ ನೇರ ದಕ್ಷಿಣದಲ್ಲಿಲ್ಲ, ಸುಮಾರು 3 ಡಿಗ್ರಿ ಪೂರ್ವಕ್ಕೆ ಸರಿದಿದೆ. ಅದು ಕರ್ಕಾಟಕ ಸಂಕ್ರಾಂತಿ ವೃತ್ತದ ಮೇಲಿರದೆ ಸ್ವಲ್ಪ ಉತ್ತರಕ್ಕಿದೆ. ಆದರೂ ಎರಡು ಊರುಗಳ ಅಕ್ಷಾಂಶಗಳ ನಿಜವಾದ ವ್ಯತ್ಯಾಸ 7.1 ಡಿಗ್ರಿಯಷ್ಟು, ಅವನು ಕಂಡದ್ದು 7.2. ಪರರಿಂದ ತಿಳಿದ ಒಂದು ಮಾತು, ತಾನು ಅಳೆದ ಒಂದು ಕೋನ, ಒಂದು ಜ್ಯಾಮಿತಿಯ ಪ್ರಮೇಯ—ಈ ಮೂರು ಸೇರಿ ಭೂಮಿಯನ್ನು ಅಳೆದವು.

ಬನವಾಸಿ ಇತ್ತು, ಪರ್ಯಾಯದ್ವೀಪವಿರಲಿಲ್ಲ

ಅದೇ ಅಲೆಕ್ಸಾಂಡ್ರಿಯದಲ್ಲಿ ಸುಮಾರು ಕ್ರಿಸ್ತಶಕ 150ರ ಹೊತ್ತಿಗೆ ಟಾಲೆಮಿ ಎಂಬ ವಿದ್ವಾಂಸನು ಭೂಗೋಳವನ್ನು ಕುರಿತು ಒಂದು ದೊಡ್ಡ ಗ್ರಂಥವನ್ನು ರಚಿಸಿದನು. ಸುಮಾರು 8,000 ಸ್ಥಳಗಳ ಹೆಸರುಗಳನ್ನು ಅವುಗಳ ಅಕ್ಷಾಂಶ ರೇಖಾಂಶಗಳೊಡನೆ ಅದರಲ್ಲಿ ಕೊಟ್ಟಿದೆ. ನಮ್ಮ ದೇಶದ ಊರುಗಳೂ ಅಲ್ಲಿವೆ. ಅವುಗಳಲ್ಲೊಂದು ಹೆಸರು ನಮ್ಮ ಬನವಾಸಿಯದೇ ಎಂದು ವಿದ್ವಾಂಸರು ಗುರುತಿಸಿದ್ದಾರೆ. ವರದಾ ನದಿಯ ದಡದ ಕನ್ನಡ ನಾಡಿನ ಊರೊಂದು ಕದಂಬರ ರಾಜ್ಯ ಸ್ಥಾಪನೆಗೂ ಮೊದಲೇ ಮೆಡಿಟರೇನಿಯನ್ ಸಮುದ್ರತೀರದ ಪುಸ್ತಕದಲ್ಲಿ ಸೇರಿತ್ತೆಂದರೆ ನಮಗೆ ಸಂತೋಷವಾಗುವುದು ಸಹಜ.

ಆದರೆ ಟಾಲೆಮಿ ಕೊಟ್ಟ ಅಂಕಿಗಳಂತೆ ಭೂಪಟವನ್ನು ಬರೆದರೆ ದಕ್ಷಿಣ ಭಾರತದ ಪರ್ಯಾಯದ್ವೀಪವೇ ಕಾಣುವುದಿಲ್ಲ! ನಮ್ಮ ಪಶ್ಚಿಮ ಕರಾವಳಿ ದಕ್ಷಿಣಕ್ಕೆ ಇಳಿಯುವ ಬದಲು ಹೆಚ್ಚುಕಡಮೆ ಪೂರ್ವಕ್ಕೆ ಹರಿಯುತ್ತದೆ. ಸಿಂಹಳದ್ವೀಪವು ನಿಜಕ್ಕಿಂತ ಹಲವು ಪಾಲು ದೊಡ್ಡದಾಗಿ ಊದಿಕೊಂಡಿದೆ. ಕಾರಣವೇನು? ಊರುಗಳ ಹೆಸರುಗಳನ್ನು ನಾವಿಕರು, ವರ್ತಕರು ತಂದುಕೊಟ್ಟರು. ಆದರೆ ಅವರು ದೂರವನ್ನು ಹೇಳುತ್ತಿದ್ದುದು ಪ್ರಯಾಣದ ದಿನಗಳ ಲೆಕ್ಕದಲ್ಲಿ. ದಿಕ್ಕನ್ನು ಹೇಳುತ್ತಿದ್ದುದು ಅಂದಾಜಿನಲ್ಲಿ. ಅಂತಹ ಮಾತುಗಳನ್ನು ಡಿಗ್ರಿಗಳಿಗೆ ಪರಿವರ್ತಿಸಿದಾಗ, ಅಂದಾಜಿಗೆ ನಿಖರತೆಯ ವೇಷ ಬಂದಿತು. ಅಂಕಿಗಳಲ್ಲಿ ಬರೆದ ಮಾತ್ರಕ್ಕೆ ಒಂದು ವಿಷಯವು ಅಳತೆ ಮಾಡಿದ್ದೆಂದು ಭಾವಿಸಬಾರದು. ಪುಸ್ತಕವನ್ನು ಓದುವವನು ಕಲಿಯಬೇಕಾದ ಮೊದಲನೆಯ ಎಚ್ಚರಿಕೆ ಇದು.

ಯಾವ ಮೈಲಿ? ಯಾವ ಯೋಜನ?

ಎರಡನೆಯ ಎಚ್ಚರಿಕೆ ಮಾನಗಳದ್ದು. ಕ್ರಿಸ್ತಶಕ 499ರ ಕಾಲದ ಆರ್ಯಭಟೀಯವು ಭೂಮಿಯ ವ್ಯಾಸವನ್ನು 1,050 ಯೋಜನವೆನ್ನುತ್ತದೆ; ಅದರಂತೆ ಪರಿಧಿ ಸುಮಾರು 3,300 ಯೋಜನ. 1150ರಲ್ಲಿ ರಚಿತವಾದ ಭಾಸ್ಕರಾಚಾರ್ಯನ ಸಿದ್ಧಾಂತಶಿರೋಮಣಿಯಲ್ಲಿ ಪರಿಧಿ 4,967 ಯೋಜನ. ಆರುನೂರೈವತ್ತು ವರ್ಷಗಳಲ್ಲಿ ಭೂಮಿ ಒಂದೂವರೆ ಪಟ್ಟು ಬೆಳೆಯಿತೇ? ಇಲ್ಲ, ಯೋಜನವು ಕುಗ್ಗಿತು. ಇಬ್ಬರ ಯೋಜನಗಳೂ ಬೇರೆ ಬೇರೆ. ಆರ್ಯಭಟನು ತನ್ನ ಯೋಜನವನ್ನು 8,000 ಪುರುಷ ಪ್ರಮಾಣವೆಂದು, ಅಂದರೆ ಮನುಷ್ಯನ ಎತ್ತರದ 8,000 ಪಟ್ಟೆಂದು ಹೇಳಿ ನಮಗೊಂದು ಸುಳಿವನ್ನು ಬಿಟ್ಟಿದ್ದಾನೆ. ಮನುಷ್ಯನ ಎತ್ತರ ಒಂದೂವರೆ ಮೀಟರೆಂದರೆ ಭೂಪರಿಧಿ ಸುಮಾರು 39,600 ಕಿಲೋಮೀಟರು, 1.7 ಮೀಟರೆಂದರೆ ಸುಮಾರು 44,900 ಕಿಲೋಮೀಟರು! ಎರಟೊಸ್ತನೀಸನ ಸ್ಟೇಡಿಯದ ಗತಿಯೂ ಇದೇ. ಅದು 157 ಮೀಟರೆಂದು ಕೆಲವರು, 185 ಮೀಟರೆಂದು ಕೆಲವರು ವಾದಿಸುತ್ತಾರೆ. ಅದರಂತೆ ಅವನ ಉತ್ತರ 39,250 ಕಿಲೋಮೀಟರಾಗಬಹುದು, 46,250 ಕಿಲೋಮೀಟರೂ ಆಗಬಹುದು. ಆದುದರಿಂದ ಅವನ ಉತ್ತರವು ಕೂದಲೆಳೆಯಷ್ಟೂ ತಪ್ಪಿರಲಿಲ್ಲವೆಂದು ಹೇಳುವವರ ಮಾತನ್ನು ಸ್ವಲ್ಪ ತಡೆದು ಕೇಳಬೇಕು. ಮೆಚ್ಚಬೇಕಾದುದು ಅವನ ವಿಧಾನವನ್ನು.

ಮಾನವನ್ನು ವಿಚಾರಿಸದೆ ಓದುವುದರಿಂದ ಎಂತಹ ಪ್ರಮಾದವಾಗಬಲ್ಲುದೆಂಬುದಕ್ಕೆ ಕೊಲಂಬಸನೇ ನಿದರ್ಶನ. ಅವನು ಪುಸ್ತಕಗಳನ್ನು ಓದದ ಸಾಹಸಿಯೆಂದು ತಿಳಿಯಬೇಡಿ. ಪಿಯೆರ್ ದೈಯಿ ಎಂಬ ಫ್ರೆಂಚ್ ಪಾದ್ರಿ ಬರೆದ ಭೂವರ್ಣನೆಯ ಗ್ರಂಥವನ್ನು ಅವನು ಅಂಚಿನಲ್ಲಿ ಟಿಪ್ಪಣಿ ಬರೆದುಕೊಳ್ಳುತ್ತ ಓದಿದನು. ಆ ಪ್ರತಿ ಇಂದಿಗೂ ಸ್ಪೇನಿನ ಸೆವಿಲ್ ನಗರದಲ್ಲಿದೆ. ಒಂಬತ್ತನೆಯ ಶತಮಾನದ ಖಗೋಳಜ್ಞ ಅಲ್-ಫರ್ಗಾನಿಯ ಪ್ರಕಾರ ಭೂಪರಿಧಿಯ ಒಂದು ಡಿಗ್ರಿಗೆ 56⅔ ಮೈಲಿ ಎಂಬುದನ್ನು ಕೊಲಂಬಸನು ಹಿಡಿದುಕೊಂಡನು. ಆದರೆ ಅದು ಅರಬ್ಬೀ ಮೈಲಿ. ಕೊಲಂಬಸನು ತಿಳಿದದ್ದು ಅದಕ್ಕಿಂತ ಚಿಕ್ಕದಾದ, ಸುಮಾರು 1,480 ಮೀಟರಿನ ಇಟಲಿಯ ಮೈಲಿಯೆಂದು. ಹೀಗೆ 111 ಕಿಲೋಮೀಟರಿರಬೇಕಾದ ಡಿಗ್ರಿ ಅವನ ಕೈಯಲ್ಲಿ 84 ಕಿಲೋಮೀಟರಿಗೆ ಇಳಿಯಿತು. ಭೂಪರಿಧಿ ಸುಮಾರು 30,000 ಕಿಲೋಮೀಟರಾಯಿತು. ಅದರ ಜೊತೆಗೆ ಏಷ್ಯಾ ಖಂಡವು ಪೂರ್ವಕ್ಕೆ ಬಹುದೂರ ಚಾಚಿದೆಯೆಂಬ ಮಾತನ್ನೂ ಅವನು ನಂಬಿದನು.

ಇದರ ಫಲವಾಗಿ, ಕ್ಯಾನರಿ ದ್ವೀಪಗಳಿಂದ ಪಶ್ಚಿಮಕ್ಕೆ ಹೊರಟರೆ ಜಪಾನು ಸುಮಾರು 4,500 ಕಿಲೋಮೀಟರು ದೂರದಲ್ಲಿದೆಯೆಂದು ಅವನು ಲೆಕ್ಕಹಾಕಿದನು. ಹಾಗೆ ಪಶ್ಚಿಮಾಭಿಮುಖವಾಗಿ ಹೋದರೆ ನಿಜವಾದ ದೂರ 19,000 ಕಿಲೋಮೀಟರಿಗೂ ಹೆಚ್ಚು. ಅವನನ್ನು ವಿರೋಧಿಸಿದ ಪಂಡಿತರು ಭೂಮಿ ಚಪ್ಪಟೆಯೆಂದು ವಾದಿಸಿದರೆಂಬುದು ಬರಿಯ ಕಟ್ಟುಕಥೆ. ದೂರ ಬಹಳ ಹೆಚ್ಚೆಂದು ಅವರು ಹೇಳಿದರು, ಅದೇ ಸರಿಯಾಗಿತ್ತು. 1492ರ ಸೆಪ್ಟೆಂಬರ್ 6ರಂದು ಕ್ಯಾನರಿ ದ್ವೀಪಗಳನ್ನು ಬಿಟ್ಟ ಅವನಿಗೆ ಅಕ್ಟೋಬರ್ 12ರಂದು ನೆಲ ಕಾಣಿಸಿತು. ಯಾರೂ ಎಣಿಸಿರದ ಒಂದು ಖಂಡವು ನಡುವೆ ಅಡ್ಡವಿರದಿದ್ದರೆ, ಹಡಗುಗಳಲ್ಲಿದ್ದ ಅನ್ನನೀರು ಜಪಾನಿನವರೆಗೆ ಸಾಲುತ್ತಿರಲಿಲ್ಲ. ತಪ್ಪಾದ ಓದು ಸುಮಾರು ತೊಂಬತ್ತು ಮಂದಿಯ ಪ್ರಾಣವನ್ನು ಪಣಕ್ಕೊಡ್ಡಿತ್ತು.

ಭೂಪಟ ಹೇಳುವ ಸುಳ್ಳು

ನಮ್ಮ ಕಾಲದ ಪುಸ್ತಕಗಳಲ್ಲಿ ಇಂತಹ ತಪ್ಪುಗಳಿಲ್ಲವಲ್ಲ ಎಂದು ನೀವು ಕೇಳಬಹುದು. ಅಂಕಿಗಳೇನೋ ಸರಿಯಾಗಿವೆ; ಆದರೆ ಭೂಪಟದ ಸ್ವಭಾವದಲ್ಲಿಯೇ ಒಂದು ದೋಷವುಂಟು. ಕಿತ್ತಳೆಯ ಸಿಪ್ಪೆಯನ್ನು ಸುಲಿದು ಮೇಜಿನ ಮೇಲೆ ಹರಡಿ ನೋಡಿ. ಹರಿಯದೆ, ಎಳೆಯದೆ ಅದು ಚಪ್ಪಟೆಯಾಗದು. ಗೋಳದ ಮೈಯನ್ನು ಹಾಳೆಯ ಮೇಲೆ ಇಳಿಸುವವನು ಆಕಾರ, ವಿಸ್ತೀರ್ಣ, ದಿಕ್ಕು, ದೂರ—ಇವುಗಳಲ್ಲಿ ಯಾವುದನ್ನಾದರೂ ಬಿಟ್ಟುಕೊಡಲೇಬೇಕು.

ಗೋಡೆಯ ಮೇಲೆ ತೂಗುಹಾಕುವ ಪ್ರಪಂಚದ ಭೂಪಟಗಳಲ್ಲಿ ಹಲವು, 1569ರಲ್ಲಿ ಮರ್ಕೇಟರ್ ಎಂಬ ಭೂಪಟಕಾರನು ರೂಪಿಸಿದ ಪ್ರಕ್ಷೇಪವನ್ನು ಅನುಸರಿಸುತ್ತವೆ. ನಾವಿಕನು ದಿಕ್ಸೂಚಿಯ ಒಂದೇ ದಿಕ್ಕನ್ನು ಹಿಡಿದು ಸಾಗಿದರೆ ಅವನ ದಾರಿ ಆ ಭೂಪಟದಲ್ಲಿ ಸರಳರೇಖೆಯಾಗುತ್ತದೆ. ಅದೇ ಅದರ ಮಹಾಗುಣ. ಅದಕ್ಕೆ ತೆತ್ತ ಬೆಲೆ ವಿಸ್ತೀರ್ಣ. ಅಕ್ಷಾಂಶವು 60 ಡಿಗ್ರಿ ಇರುವಲ್ಲಿ ಉದ್ದವು ಎರಡು ಪಟ್ಟು, ವಿಸ್ತೀರ್ಣವು ನಾಲ್ಕು ಪಟ್ಟು ಹಿಗ್ಗುತ್ತದೆ. ಧ್ರುವಗಳನ್ನು ಸಮೀಪಿಸಿದಂತೆಲ್ಲ ಹಿಗ್ಗು ಮಿತಿಮೀರುತ್ತದೆ. ಅದರಲ್ಲಿ ಗ್ರೀನ್‌ಲೆಂಡ್ ದ್ವೀಪವು ಆಫ್ರಿಕಾ ಖಂಡದಷ್ಟು ದೊಡ್ಡದಾಗಿ ಕಾಣುತ್ತದೆ. ಗ್ರೀನ್‌ಲೆಂಡಿನ ವಿಸ್ತೀರ್ಣ ಸುಮಾರು 21.7 ಲಕ್ಷ ಚದರ ಕಿಲೋಮೀಟರು, ಆಫ್ರಿಕಾದ್ದು ಅದರ ಹದಿನಾಲ್ಕು ಪಟ್ಟು. ಸುಮಾರು 32.9 ಲಕ್ಷ ಚದರ ಕಿಲೋಮೀಟರಿನ ನಮ್ಮ ಭಾರತವೇ ಗ್ರೀನ್‌ಲೆಂಡಿಗಿಂತ ಒಂದೂವರೆ ಪಟ್ಟು ದೊಡ್ಡದು. ಇದನ್ನು ಆ ಭೂಪಟವನ್ನು ನೋಡಿ ಯಾರು ತಾನೇ ಊಹಿಸಬಲ್ಲರು?

ದೂರದ ವಿಷಯದಲ್ಲಿಯೂ ಹೀಗೆಯೇ. 2021ರ ಜನವರಿಯಲ್ಲಿ ಸ್ಯಾನ್ ಫ್ರಾನ್ಸಿಸ್ಕೊದಿಂದ ಬೆಂಗಳೂರಿಗೆ ತಡೆಯಿಲ್ಲದೆ ಹಾರಿದ ವಿಮಾನವು ಉತ್ತರಧ್ರುವ ಪ್ರದೇಶದ ಮೇಲೆ ಹಾದುಬಂದಿತು. ಗೋಡೆಯ ಭೂಪಟವನ್ನು ನೋಡಿದವನಿಗೆ ಇದು ಸುತ್ತುದಾರಿಯಂತೆ ತೋರುತ್ತದೆ. ಗೋಳದ ಮೇಲೆ ಎರಡು ಊರುಗಳ ನಡುವೆ ಒಂದು ದಾರವನ್ನು ಬಿಗಿಯಾಗಿ ಹಿಡಿದು ನೋಡಿ. ದಾರ ತಾನಾಗಿಯೇ ಧ್ರುವದ ಬಳಿಗೆ ಸರಿಯುತ್ತದೆ. ಸ್ಯಾನ್ ಫ್ರಾನ್ಸಿಸ್ಕೊ ಇರುವುದು ಸುಮಾರು 122½ ಡಿಗ್ರಿ ಪಶ್ಚಿಮದಲ್ಲಿ, ಬೆಂಗಳೂರಿರುವುದು 77½ ಡಿಗ್ರಿ ಪೂರ್ವದಲ್ಲಿ. ಎರಡನ್ನೂ ಕೂಡಿದರೆ 200. ಮೊತ್ತವು 180 ಆಗಿದ್ದರೆ ಅತಿ ಹತ್ತಿರದ ದಾರಿ ಧ್ರುವದ ಮೇಲೆಯೇ ಹೋಗುತ್ತಿತ್ತು. ಪುಸ್ತಕದಲ್ಲಿನ ಎರಡು ಅಂಕಿಗಳನ್ನು ಕೂಡಿ ನೋಡಿದವನಿಗೆ, ಬರಿಯ ಚಿತ್ರವನ್ನು ನೋಡಿದವನಿಗೆ ಕಾಣದ ಸತ್ಯ ಕಾಣುತ್ತದೆ.

ಎರಡು ಕೋಲು, ಎರಡು ಊರು

ಈಗ ನಮ್ಮ ತರಗತಿಗೆ ಹಿಂದಿರುಗೋಣ. ಆ ವಿದ್ಯಾರ್ಥಿನಿಯ ಪ್ರಶ್ನೆ ನನ್ನನ್ನು ಕಾಡುತ್ತಲೇ ಇತ್ತು. ಅಟ್ಲಾಸನ್ನು ತೆರೆದು ನೋಡಿದಾಗ ಬೆಂಗಳೂರೂ ಬೀದರೂ ಹೆಚ್ಚುಕಡಮೆ ಒಂದೇ ರೇಖಾಂಶದ ಮೇಲಿರುವುದು ಕಂಡಿತು. ಅಲೆಕ್ಸಾಂಡ್ರಿಯ ಆಸ್ವಾನುಗಳಿಗಿಂತ ಇದು ಅನುಕೂಲವಾದ ಜೋಡಿ! ತರಗತಿಯಲ್ಲಿ ಬೀದರಿನ ವಿದ್ಯಾರ್ಥಿಯೊಬ್ಬನಿದ್ದನು. ಅವನ ತಮ್ಮ ಅಲ್ಲಿಯೇ ಪ್ರೌಢಶಾಲೆಯಲ್ಲಿ ಓದುತ್ತಿದ್ದನು. ಮಾರ್ಚ್ ತಿಂಗಳ ವಿಷುವ ದಿನದಂದು ಎರಡು ಊರುಗಳಲ್ಲಿಯೂ ಒಂದು ಮೀಟರು ಎತ್ತರದ ಕೋಲನ್ನು ನೆಟ್ಟಗೆ ನಿಲ್ಲಿಸಿ, ಗಡಿಯಾರದಲ್ಲಿ 12 ಗಂಟೆ ಆದೊಡನೆ ನೆರಳನ್ನು ಅಳೆದರು. ಬೆಂಗಳೂರಿನಲ್ಲಿ 26.0 ಸೆಂಟಿಮೀಟರು, ಬೀದರಿನಲ್ಲಿ 34.6 ಸೆಂಟಿಮೀಟರು. ನೆರಳನ್ನು ಕೋಲಿನ ಎತ್ತರದಿಂದ ಭಾಗಿಸಿದರೆ ಕೋನದ ಟ್ಯಾಂಜೆಂಟ್ ದೊರೆಯುತ್ತದೆ. ಕೋನಗಳ ವ್ಯತ್ಯಾಸ 4.52 ಡಿಗ್ರಿ, ಅಟ್ಲಾಸಿನ ಮೇಲೆ ಅಳೆದ ದೂರ 545 ಕಿಲೋಮೀಟರು. 545ನ್ನು 360ರಿಂದ ಗುಣಿಸಿ 4.52ರಿಂದ ಭಾಗಿಸಿದಾಗ ಭೂಪರಿಧಿ ಸುಮಾರು 43,400 ಕಿಲೋಮೀಟರೆಂದು ಬಂದಿತು.

ವಿದ್ಯಾರ್ಥಿಗಳ ಮುಖ ಬಾಡಿತು. ಪುಸ್ತಕದ ಉತ್ತರಕ್ಕೆ ಹೊಂದುವಂತೆ ಅಂಕಿಗಳನ್ನು ತಿದ್ದಿದರಾಯಿತೆಂದು ಒಬ್ಬನು ಸೂಚಿಸಿದನು. ನಾನು ಅದಕ್ಕೆ ಒಪ್ಪಲಿಲ್ಲ. ತಪ್ಪು ಎಲ್ಲಿದೆಯೆಂದು ಹುಡುಕಿದಾಗ ಪುಸ್ತಕವೇ ದಾರಿ ತೋರಿತು. ನಮ್ಮ ಗಡಿಯಾರಗಳು ತೋರಿಸುವ ಭಾರತೀಯ ಕಾಲಮಾನವು 82½ ಡಿಗ್ರಿ ಪೂರ್ವ ರೇಖಾಂಶಕ್ಕೆ ಸೇರಿದ್ದು. ಬೆಂಗಳೂರು ಅದಕ್ಕೆ ಸುಮಾರು 5 ಡಿಗ್ರಿ ಪಶ್ಚಿಮದಲ್ಲಿದೆ. ಡಿಗ್ರಿಗೆ 4 ನಿಮಿಷದಂತೆ ಇಲ್ಲಿ ಮಧ್ಯಾಹ್ನವು 20 ನಿಮಿಷ ತಡ. ಭೂಮಿಯ ಕಕ್ಷೆಯ ಕಾರಣದಿಂದ ಮಾರ್ಚ್ ತಿಂಗಳ ಆ ದಿನಗಳಲ್ಲಿ ಇನ್ನೂ ಏಳೆಂಟು ನಿಮಿಷ ತಡ. ಗಡಿಯಾರದ ಮಧ್ಯಾಹ್ನವು ಸೂರ್ಯನ ಮಧ್ಯಾಹ್ನವಲ್ಲ!

ಮರುದಿನ ಹನ್ನೆರಡೂ ಕಾಲರಿಂದ ಆರಂಭಿಸಿ ನೆರಳಿನ ತುದಿಯನ್ನು ಆಗಾಗ ಗುರುತು ಹಾಕುತ್ತ ಹೋದರು. ಅತಿ ಗಿಡ್ಡ ನೆರಳು ಬೆಂಗಳೂರಿನಲ್ಲಿ 22.3 ಸೆಂಟಿಮೀಟರು, ಬೀದರಿನಲ್ಲಿ 31.5 ಸೆಂಟಿಮೀಟರು. ಕೋನಗಳು 12.57 ಮತ್ತು 17.48 ಡಿಗ್ರಿ, ವ್ಯತ್ಯಾಸ 4.91. ವಿಷುವದ ಮರುದಿನವಾದುದರಿಂದ ಸೂರ್ಯನು ಉತ್ತರಕ್ಕೆ ಸುಮಾರು 0.4 ಡಿಗ್ರಿ ಸರಿದಿದ್ದನು. ಆದರೆ ಅದು ಎರಡು ಊರುಗಳ ಕೋನವನ್ನೂ ಒಂದೇ ಸಮನಾಗಿ ಕಡಮೆ ಮಾಡುವುದರಿಂದ ವ್ಯತ್ಯಾಸಕ್ಕೆ ಬಾಧೆಯಿಲ್ಲ. ಈ ಸಲ ಭೂಪರಿಧಿ ಸುಮಾರು 39,960 ಕಿಲೋಮೀಟರೆಂದು ಬಂದಿತು.

ಇದು ನಮ್ಮ ಜಾಣತನವೆಂದು ಬೀಗಬೇಕಾಗಿಲ್ಲ. ಸೂರ್ಯನು ಬಿಂದುವಲ್ಲ, ಅರ್ಧ ಡಿಗ್ರಿ ಅಗಲದ ಬಿಂಬ. ಆದುದರಿಂದ ಒಂದು ಮೀಟರು ಕೋಲಿನ ನೆರಳಿನ ತುದಿ ಸುಮಾರು ಒಂದು ಸೆಂಟಿಮೀಟರಿನಷ್ಟು ಮಸುಕಾಗಿರುತ್ತದೆ. ಬೀದರಿನ ಹುಡುಗನು ಅರ್ಧ ಸೆಂಟಿಮೀಟರು ಹೆಚ್ಚಾಗಿ ಓದಿದ್ದರೆ ಉತ್ತರವು 37,950ಕ್ಕೆ ಇಳಿಯುತ್ತಿತ್ತು. ನಮ್ಮ ಪ್ರಯೋಗವು ಭೂಪರಿಧಿ ಸುಮಾರು 38,000ದಿಂದ 42,000 ಕಿಲೋಮೀಟರಿನ ನಡುವೆ ಇದೆಯೆಂದು ಹೇಳಬಲ್ಲುದು. ಅದಕ್ಕಿಂತ ಹೆಚ್ಚನ್ನು ಹೇಳಿದರೆ ಅಪ್ರಾಮಾಣಿಕತೆಯಾಗುತ್ತದೆ.

ಮತ್ತೊಂದು ಸಾಲವನ್ನೂ ಒಪ್ಪಿಕೊಳ್ಳಬೇಕು. ಆ 545 ಕಿಲೋಮೀಟರನ್ನು ನಾವು ಅಳೆಯಲಿಲ್ಲ, ಅದು ಪುಸ್ತಕದ್ದೇ. ಆದರೆ ಅದರ ಹಿಂದೆ ಯಾರಿದ್ದಾರೆಂದು ಈಗ ವಿಚಾರಿಸಬಹುದು. 1802ರ ಏಪ್ರಿಲ್ 10ರಂದು ವಿಲಿಯಂ ಲ್ಯಾಂಬ್ಟನ್ ಎಂಬ ಅಧಿಕಾರಿ ಮದರಾಸಿನಲ್ಲಿ ಉಕ್ಕಿನ ಸರಪಳಿಯಿಂದ ಒಂದು ಆಧಾರರೇಖೆಯನ್ನು ಅಳೆಯಲು ಆರಂಭಿಸಿದನು. 1804ರಲ್ಲಿ ಬೆಂಗಳೂರಿನ ಬಳಿ ಮತ್ತೊಂದು ರೇಖೆಯನ್ನು ಅಳೆಯಲಾಯಿತು. ಬೆಟ್ಟದಿಂದ ಬೆಟ್ಟಕ್ಕೆ, ಗೋಪುರದಿಂದ ಗೋಪುರಕ್ಕೆ ತ್ರಿಕೋನಗಳನ್ನು ಹೆಣೆಯುತ್ತ, 78 ಡಿಗ್ರಿ ರೇಖಾಂಶದ ಆಸುಪಾಸಿನಲ್ಲಿ ಆ ಕಾರ್ಯವು ದಶಕಗಳ ಕಾಲ ಉತ್ತರಕ್ಕೆ ಸಾಗಿತು. 1823ರಲ್ಲಿ ಲ್ಯಾಂಬ್ಟನ್ ಕೆಲಸದ ನಡುವೆಯೇ ತೀರಿಕೊಂಡನು. ಕಾಡುಜ್ವರಕ್ಕೆ ತುತ್ತಾದ ಕೆಲಸಗಾರರ ಹೆಸರುಗಳು ಯಾವ ಭೂಪಟದಲ್ಲಿಯೂ ಇಲ್ಲ. ಅಟ್ಲಾಸಿನ ಪುಟದಲ್ಲಿ ಬೆರಳಗಲದಲ್ಲಿ ಕಾಣುವ ದೂರವು ಇಂತಹವರು ನಡೆದು ಅಳೆದ ದೂರ.

ವಿದ್ಯಾರ್ಥಿ ಮಿತ್ರರೇ, ಪುಸ್ತಕವನ್ನು ಸಂಶಯಿಸಿ ದೂರವಿಡಿರೆಂದು ನಾನು ಹೇಳುತ್ತಿಲ್ಲ. ಸಯೀನಿನ ಸಂಗತಿ ಕಿವಿಗೆ ಬೀಳದಿದ್ದರೆ ಎರಟೊಸ್ತನೀಸನ ನೆರಳಿಗೆ ಅರ್ಥವಿರುತ್ತಿರಲಿಲ್ಲ. ಕಾಲಮಾನದ ವಿಷಯವನ್ನು ಓದದಿದ್ದರೆ ನಮ್ಮ ತಪ್ಪು ತಿದ್ದುತ್ತಿರಲಿಲ್ಲ. ಓದುವಾಗ ಮೂರು ಪ್ರಶ್ನೆಗಳನ್ನು ಮಾತ್ರ ಮರೆಯದಿರಿ. ಇದನ್ನು ಅಳೆದವರು ಯಾರು, ಹೇಗೆ? ಅಳತೆಯ ಮಾನ ಯಾವುದು? ಇದರಲ್ಲಿ ನಾನೇ ಪರೀಕ್ಷಿಸಬಹುದಾದದ್ದು ಎಷ್ಟು?

ಈ ವರ್ಷ ಮತ್ತೆ ಅದೇ ಪಾಠವನ್ನು ಆರಂಭಿಸಿದೆ. ಅದೇ ಪ್ರಶ್ನೆ ಕೇಳಿದೆ. ಹೊಸ ವಿದ್ಯಾರ್ಥಿಗಳು ಅದೇ ಉತ್ತರ ಕೊಟ್ಟರು. "ಪುಸ್ತಕದಲ್ಲಿದೆ, ಸಾರ್" ಎಂದು ಒಬ್ಬನು ಹೇಳಿದಾಗ ನಾನು ನಗಲಿಲ್ಲ. "ಒಳ್ಳೆಯದು, ಮಾರ್ಚ್ ತಿಂಗಳು ಬರಲಿ, ಪುಸ್ತಕ ಹೇಳಿದ್ದು ನಿಜವೋ ನೋಡೋಣ" ಎಂದೆ.